ಬೀಗ ಕಾಣುವಷ್ಟು ಚಿತ್ರ

ಮಾರ್ಚ್ ೧೧, ಸೋಮವಾರ ಮಧ್ಯಾಹ್ನ

ಪ್ರೀತಿಯ ಜಡೆ,

ನೀನು ಕೂದಲು ಗಿಡ್ಡ ಮಾಡಿಸಿಕೊಂಡು ಇಪ್ಪತ್ತು ವರ್ಷವಾಯಿತು, ನನ್ನ ಬಾಯಿಗೆ ನೀನು ಇನ್ನೂ ಜಡೆಯೇ. ನಿನ್ನ ಕಾಗದ ಬಂದು ಏಳು ವಾರವಾಗಿದೆ. ಪುರುಸೊತ್ತಿರಲಿಲ್ಲ ಎಂದು ನೆಪ ಹೇಳುವುದಿಲ್ಲ. ನಿವೃತ್ತಳಾದ ಗ್ರಂಥಪಾಲಕಿಗೆ ಪುರುಸೊತ್ತು ಬಿಟ್ಟರೆ ಇನ್ನೇನಿದೆ? ನೀನು ಕೇಳಿದ್ದು ಒಂದು ತೀರ್ಮಾನಕ್ಕೆ ಬರಲಿ ಎಂದು ಕಾದೆ. ಮೊನ್ನೆ ಬಂತು. ತಡವಾಗಿದ್ದನ್ನು ಹೊಟ್ಟೆಗೆ ಹಾಕಿಕೋ.

ಮೊದಲು ಮನೆಯ ಸುದ್ದಿ. ನನ್ನ ಮೊಣಕಾಲು ಹೇಳಿದ ಮಾತು ಕೇಳುತ್ತಿಲ್ಲ. ಮೇಲಿನ ಮನೆಯವರು ನಲ್ಲಿ ರಿಪೇರಿ ಮಾಡಿಸುತ್ತೇವೆಂದು ಮೂರು ತಿಂಗಳಿಂದ ಸತಾಯಿಸುತ್ತಿದ್ದಾರೆ, ನಮ್ಮ ಬಚ್ಚಲ ಗೋಡೆ ನೆನೆಯುತ್ತಲೇ ಇದೆ. ಅಪ್ಪನಿಗೆ ಎಂಬತ್ತೊಂಬತ್ತು. ಊಟ, ನಿದ್ದೆ ಚೆನ್ನಾಗಿವೆ. ಕಿವಿ ಮಾತ್ರ ತಮಗೆ ಬೇಕಾದಾಗ ಕೇಳಿಸುತ್ತದೆ.

ಇನ್ನು ಫೋಟೊ ವಿಷಯ. ನಾನು ಪುಕ್ಕಟೆ ದುಡಿಯುವ ಆನ್‌ಲೈನ್ ವಿಶ್ವಕೋಶದಲ್ಲಿ, ನಲವತ್ತೈದು ವರ್ಷದ ಹಿಂದೆ ನಮ್ಮ ನೂಲಿನ ಗಿರಣಿಗೆ ಬೆಂಕಿ ಬಿದ್ದದ್ದರ ಬಗ್ಗೆ ಒಂದು ಪುಟವಿದೆ ಎಂದು ನಿನಗೆ ಗೊತ್ತು. ಅದರಲ್ಲಿದ್ದುದು ಒಂದೇ ಫೋಟೊ, ಬೆಂಕಿ ಉರಿಯುತ್ತಿದ್ದಾಗಲೇ ತೆಗೆದದ್ದು. ಹಿಂಬಾಗಿಲ ಕಂಬಿಗಳ ಆಚೆ ಕೆಲಸದ ಹೆಂಗಸರು, ಎಡಗಡೆ ಕೊನೆಯಲ್ಲಿ ನಿನ್ನಮ್ಮ. ಬಲಗಡೆ ಕೆಳಗೆ ಸರಪಳಿ, ಬೀಗ. ತೆಗೆದವರು ಪತ್ರಿಕೆಯ ಫೋಟೊಗ್ರಾಫರ್, ಹಕ್ಕು ಪತ್ರಿಕೆಯದು. ಅಂದು ಅಚ್ಚಾದಾಗ ಮಸಿ ಹರಡಿ ಬೀಗ ಬರೀ ಕಪ್ಪು ಮಚ್ಚೆಯಾಗಿತ್ತು. ತನಿಖೆಯವರು ಕಾವಲಿನವರ ಹೇಳಿಕೆ ನಂಬಿ, ಬಾಗಿಲು ತೆರೆದೇ ಇತ್ತು, ನೂಕುನುಗ್ಗಲಿನಲ್ಲಿ ಸತ್ತರು ಎಂದು ಬರೆದು ಕೈತೊಳೆದುಕೊಂಡರು. ಹೋದ ವರ್ಷ ಪತ್ರಿಕೆಯವರು ಹಳೆಯ ನೆಗೆಟಿವ್‌ನಿಂದ ಹೊಸ ಪ್ರತಿ ಮಾಡಿ ತಮ್ಮ ಜಾಲತಾಣದಲ್ಲಿ ಹಾಕಿದಾಗ ಬೀಗ ಬೀಗವಾಗಿ ಕಂಡಿತು. ನಮ್ಮವರೊಬ್ಬರು ಅದನ್ನು ಎತ್ತಿ ನಮ್ಮ ಪುಟಕ್ಕೆ ಹಾಕಿದರು. ತೆಗೆಯಿರಿ ಎಂದು ಪತ್ರಿಕೆಯ ವಕೀಲರು ಪತ್ರ ಬರೆದರು.

ಆಗ ನೀನು ಬರೆದೆ: "ನನ್ನ ಹತ್ರ ಪೇಪರ್ ತುಂಡಿದೆ ಕಣೇ, ನನಗೆ ಅದು ಸಾಕು. ಆದ್ರೆ ಎಲ್ರೂ ನೋಡೋ ಕಡೆ ಅಮ್ಮನ ಹೆಸರು ಎಲ್ಲೂ ಇಲ್ಲ. ಮುಖಾನಾದ್ರೂ ಇರ್ಲಿ. ಅಷ್ಟು ಮಾಡ್ಕೊಡು." ಇಷ್ಟು ವರ್ಷದಲ್ಲಿ ನೀನು ನನ್ನನ್ನು ಏನಾದರೂ ಕೇಳಿದ್ದು ಇದೇ ಮೊದಲು.

ಬೇರೆಯವರ ಹಕ್ಕಿನ ಹಳೆಯ ಫೋಟೊವನ್ನು ಕೇಳದೆಯೂ ಬಳಸಬಹುದು, ನ್ಯಾಯಯುತ ಬಳಕೆ ಎನ್ನುತ್ತಾರೆ. ಹಾಗೆಂದು ಬೇಕಾಬಿಟ್ಟಿಯಲ್ಲ. ಬೇರೆ ಚಿತ್ರ ಸಿಗುವಂತಿರಬಾರದು. ಗಿರಣಿಯೇ ಇಲ್ಲ, ಇನ್ನೆಲ್ಲಿ ಸಿಗಬೇಕು? ಮಾತಿನಲ್ಲಿ ಹೇಳಿ ಮುಗಿಸಲಾಗದ್ದನ್ನು ಚಿತ್ರ ತೋರಿಸಬೇಕು. ಮತ್ತೆ, ಕೆಲಸಕ್ಕೆ ಬೇಕಾದಷ್ಟೇ ತೆಗೆದುಕೊಳ್ಳಬೇಕು. ಪೂರ್ತಿ ಚಿತ್ರ ಬೇಕಾದರೆ ಬೆರಳುದ್ದಕ್ಕೆ ಕುಗ್ಗಿಸಬೇಕು, ಸ್ಪಷ್ಟವಾಗಿ ಬೇಕಾದರೆ ಒಂದು ತುಂಡಿನಲ್ಲಿ ತೃಪ್ತಿಪಡಬೇಕು. ನಾನು ಎರಡನ್ನೂ ಮಾಡಿ ನೋಡಿದೆ. ಕುಗ್ಗಿಸಿದರೆ ನಿನ್ನಮ್ಮನ ಗುರುತು ಸಿಗುತ್ತದೆ, ಬೀಗ ಮತ್ತೆ ಮಚ್ಚೆಯಾಗುತ್ತದೆ. ತುಂಡು ಮಾಡಿದರೆ ಬೀಗ ಉಳಿಯುತ್ತದೆ, ನಿನ್ನಮ್ಮ ಹೋಗುತ್ತಾರೆ. ನಿನ್ನಮ್ಮ, ಬೀಗ ಎರಡೂ ಸೇರುವಂತೆ ಕತ್ತರಿಸೋಣವೆಂದರೆ ನಡುವೆ ಇಡೀ ಬಾಗಿಲಿನ ಅಗಲವಿದೆ.

ಶನಿವಾರ ಝೆರಾಕ್ಸ್ ಅಂಗಡಿಯ ಮೇಲಿನ ಕೋಣೆಯಲ್ಲಿ ವಿಶ್ವಕೋಶದ ನಾವು ಐದು ಜನ ಸೇರಿದೆವು. ಗಣಿತದ ಮೇಷ್ಟ್ರು ಕೂರುವ ಮೊದಲೇ, "ತೆಗೆದುಬಿಡೋಣ ಮೇಡಂ, ಈ ವಯಸ್ಸಲ್ಲಿ ಕೋರ್ಟು ಕಚೇರಿ ಯಾರು ಅಲೀತಾರೆ?" ಎಂದರು. ನಮ್ಮ ಗುಂಪಿನ ನರ್ಸ್ ಒಪ್ಪಲಿಲ್ಲ. "ಚಿಕ್ಕದು ಮಾಡಿ ಪೂರ್ತಿ ಚಿತ್ರ ಇಡೋಣ ಮೇಷ್ಟ್ರೇ. ಅಷ್ಟೂ ಜನರ ಮುಖ ಇರುತ್ತೆ. ಸತ್ತವರಿಗೆ ಅಷ್ಟಾದ್ರೂ ಮರ್ಯಾದೆ ಬೇಡ್ವಾ?" ಎಂದಳು. ಮೇಷ್ಟ್ರೂ ತಲೆಯಾಡಿಸಿದರು. ನಾನು ಸುಮ್ಮನಿದ್ದರೆ ನೀನು ಕೇಳಿದ್ದು ಅಲ್ಲಿಗೇ ಆಗಿಹೋಗುತ್ತಿತ್ತು.

ನಾನು ಸುಮ್ಮನಿರಲಿಲ್ಲ. "ಹೆಂಗಸರಿದ್ರು ಅಂತ ಬರೆದ್ರೆ ಜನ ನಂಬ್ತಾರೆ. ಬೀಗ ಇತ್ತು ಅಂತ ಬರೆದ್ರೆ ಯಾರೂ ನಂಬಲ್ಲ, ಬೀಗ ಇರ್ಲಿಲ್ಲ ಅಂತ ತನಿಖೆ ವರದೀನೇ ಹೇಳುತ್ತೆ. ಚಿತ್ರ ಬೇಕಾಗಿರೋದು ಬೀಗಕ್ಕೆ" ಎಂದೆ. "ನಿಮಗ್ಯಾಕೆ ಮೇಡಂ ಇಷ್ಟು ಹಟ?" ಎಂದು ಮೇಷ್ಟ್ರು ಕೇಳಿದರು. ನಿಯಮ ಎಂದೆ. ಬೀಗದ ತುಂಡಿಗೆ ನನ್ನದೂ ಸೇರಿ ಮೂರು ಕೈ ಎದ್ದವು. ಕಾರಣದ ಟಿಪ್ಪಣಿಯನ್ನು ನಾನೇ ಬರೆದೆ, ಹನ್ನೊಂದು ಸಾಲು. ವಕೀಲರಿಂದ ಇನ್ನೂ ಮರುಮಾತಿಲ್ಲ.

ನಿನ್ನಮ್ಮನನ್ನು ಚಿತ್ರದಿಂದ ಕತ್ತರಿಸಿದ್ದು ನಾನೇ. ಅಳು ಬರಲಿಲ್ಲ. ನಿನ್ನ ಹತ್ತಿರ ಸುಳ್ಳು ಯಾಕೆ? ಮನೆಗೆ ಬಂದು ಅಡುಗೆಗಿಟ್ಟೆ. ಅವರು ನನ್ನ ತಲೆಗೂ ಬಾಚಿದವರು, ಹೇನು ಹೆಕ್ಕುತ್ತ ನಿನಗೂ ನನಗೂ ಸರಿಸಮನಾಗಿ ಬೈದವರು. ತಾಯಿಯಿಲ್ಲದ ಹುಡುಗಿ ಎಂದು ನನಗೆ ಒಂದು ಬೈಗುಳವನ್ನೂ ಕಡಿಮೆ ಮಾಡಲಿಲ್ಲ. ಅದಕ್ಕೇ ಅವರು ನನಗೆ ಇಷ್ಟ. ಸತ್ತವರ ಪಟ್ಟಿ ಎಲ್ಲಾದರೂ ಅಚ್ಚಾಗಿದೆಯೇ ಎಂದು ಹುಡುಕುತ್ತಿದ್ದೇನೆ. ಸಿಕ್ಕರೆ ಹೆಸರನ್ನಾದರೂ ಸೇರಿಸುತ್ತೇನೆ, ಮಾತು ಕೊಡಲಾರೆ.

ಬೇಕಾದರೆ ಬೈದು ಬರೆ. ನಿನ್ನ ಬೆನ್ನುನೋವು ಕಡಿಮೆಯಾಗಲಿ. ಮೊಮ್ಮಗಳಿಗೆ ನನ್ನ ಆಶೀರ್ವಾದ. ಅವಳು ನಿನ್ನಷ್ಟು ಮಾತಾಡಲಿ, ನನ್ನಷ್ಟು ಓದದಿರಲಿ, ಕಣ್ಣು ಉಳಿಯುತ್ತದೆ.

ಎಂದೆಂದಿಗೂ ನಿನ್ನ,
ಗೂಬೆ

ಸಹಿ ಹಾಕಿದ ಮೇಲೆ: ಒಂದು ಗಂಟೆಯಾಯಿತು, ಲಕೋಟೆ ಅಂಟಿಸಲು ಮನಸ್ಸು ಬರುತ್ತಿಲ್ಲ. ಅಪ್ಪ ಗಿರಣಿಯ ಕಾವಲುಗಾರರಾಗಿದ್ದವರು. ಆ ದಿನ ಅವರದು ಮುಂಬಾಗಿಲ ಪಾಳಿ ಎಂದೇ ನಾವಿಬ್ಬರೂ ತಿಳಿದಿದ್ದೆವು. ಸಭೆಯ ಹಿಂದಿನ ದಿನ ನಾನು ಬೀಗವನ್ನು ಪರದೆಯ ಮೇಲೆ ದೊಡ್ಡದು ಮಾಡಿಕೊಂಡು ಕೂತಿದ್ದೆ. ಅಪ್ಪ ಹಿಂದೆ ಬಂದು ನಿಂತು, "ಅದು ನಾನು ಹಾಕಿದ್ದು" ಎಂದರು. "ಮೇಸ್ತ್ರಿ ಹಾಕು ಅಂದ, ಹಾಕ್ದೆ. ಕೀಲಿ ಅವನ ಜೇಬಲ್ಲಿತ್ತು, ಊಟಕ್ಕೆ ಹೋಗಿದ್ದ. ಆಮೇಲೆ ಬಾಗಿಲು ತೆಗೆದಿತ್ತು ಅಂತ ಹೇಳು ಅಂದ್ರು. ಹೇಳ್ದೆ." ಅಷ್ಟು ಹೇಳಿ, ಕಾಫಿ ಆಯಿತೇ ಎಂದು ಕೇಳಿದರು.

ತನ್ನವರು ಸೇರಿದ ವಿಷಯದಲ್ಲಿ ಕೈ ಎತ್ತಬಾರದು ಎಂಬುದೂ ನಮ್ಮ ನಿಯಮವೇ. ನಾನು ಯಾರಿಗೂ ಹೇಳದೆ ಎತ್ತಿದೆ. ಬಾಯಿ ಮುಚ್ಚಿಕೊಂಡಿದ್ದರೆ ನಿನ್ನಮ್ಮನ ಮುಖ ಉಳಿಯುತ್ತಿತ್ತು, ಅದರ ಮರೆಯಲ್ಲಿ ನನ್ನ ಅಪ್ಪನೂ ಬಚಾವಾಗುತ್ತಿದ್ದರು. ನೀನು ಬದುಕಿರುವಷ್ಟು ದಿನ ನನ್ನಿಂದ ಉಪಕಾರವಾಯಿತು ಎನ್ನುತ್ತಿದ್ದೆ. ಅದನ್ನು ಕೇಳಿಸಿಕೊಳ್ಳುವ ಶಕ್ತಿ ನನಗಿಲ್ಲ ಕಣೇ. ಈ ಕಾಗದಕ್ಕೆ ಉತ್ತರ ಬರೆಯಬೇಕು ಎನಿಸದಿದ್ದರೆ ಬರೆಯಬೇಡ. ಅಪ್ಪನನ್ನೇ ಎದುರಿಗೆ ಕೂರಿಸಿಕೊಂಡು ಕೇಳಬೇಕು ಎನಿಸಿದರೆ ಮಾತ್ರ ತಡಮಾಡಬೇಡ, ಬಾ. ಅವರಿಗೆ ಇನ್ನೂ ಎಲ್ಲ ನೆನಪಿದೆ.