ನೀಲವ್ವನ ಮುಖ ಯಾವುದು?

ಗದಗ, ಫೆಬ್ರವರಿ ಮೂವತ್ತು, ೨೧೦೭

ಶ್ರೀಮತಿ ರೇವತಿ ನಾಡಿಗೇರ ಅವರಿಗೆ,

ತಾರೀಖು ಕಂಡು ನೀವು ನಕ್ಕರೆ ತಪ್ಪಿಲ್ಲ. ನಮ್ಮ ಕಾಲದಲ್ಲಿ ಎಲ್ಲ ತಿಂಗಳಿಗೂ ಮೂವತ್ತೇ ದಿನ. ವರ್ಷದಲ್ಲಿ ಉಳಿದ ಐದಾರು ದಿನ ಯಾವ ತಿಂಗಳಿಗೂ ಸೇರದ ರಜೆಗಳು. ಇಂಥ ವಿಚಿತ್ರ ಮಾತುಗಳು ಇನ್ನೂ ಬರಬಹುದು, ಮನ್ನಿಸಿ. ನಿಮ್ಮ ಮೇಲೆ ನನಗೆ ನಂಬಿಕೆಯಿಲ್ಲ ಎಂಬುದನ್ನೂ ಮೊದಲೇ ಹೇಳಿಬಿಡುತ್ತೇನೆ.

ನಾನು ಅಂಬುಜಾ. ನೀವು ಈಗ ಯಾರ ಬದುಕಿನ ಸಾಕ್ಷ್ಯಚಿತ್ರ ತೆಗೆಯುತ್ತಿದ್ದೀರೋ ಆ ಬಸ್ ಕಂಡಕ್ಟರ್ ನೀಲವ್ವನ ಮರಿಮಗಳು. ಯಂತ್ರಗಳು ಹುಟ್ಟಿಸಿದ ಮುಖಗಳು ಎಲ್ಲೆಡೆ ತುಂಬಿದ ಮೇಲೆ ಹಳೆಯ ಫೋಟೊಗಳನ್ನು ಇಲ್ಲಿ ಯಾರೂ ನಂಬುವುದಿಲ್ಲ. ಸತ್ತವರ ಮುಖ ಅಸಲಿಯೇ ಎಂದು ನೋಡಲು ‘ಮುಖತಾಳೆ’ ಎಂಬ ಕಚೇರಿಯಿದೆ. ಅದು ಒಪ್ಪಿದ ಮುಖವನ್ನಷ್ಟೇ ಊರಿನ ಹಿರಿಯರ ಗೋಡೆಯ ಮೇಲೆ ಬಿಡಿಸುತ್ತಾರೆ. ಉಳಿದವರಿಗೆ ಬರೀ ಹೆಸರು.

ನಮ್ಮಲ್ಲಿ ನಿಮ್ಮ ಆ ಸಾಕ್ಷ್ಯಚಿತ್ರದ ಪ್ರತಿಯಿತ್ತು. ಅದರಲ್ಲಿ ಖಾಕಿ ತೊಟ್ಟ, ದೊಡ್ಡ ಮೂಗುತಿಯ ಹೆಂಗಸು ನಿಂತ ಬಸ್ಸಿನಲ್ಲಿ ಕೂತು ತನ್ನ ಬದುಕು ಹೇಳುತ್ತಾಳೆ. ಅವಳೇ ನೀಲವ್ವ ಎಂದು ವರ್ಷವರ್ಷವೂ ಅವಳ ಮುಂದೆ ಎಡೆಯಿಟ್ಟು ಕೈಮುಗಿದವರು ನಾವು. ಆ ಚಿತ್ರವನ್ನೇ ಅವ್ವನ ಜೊತೆ ಕಚೇರಿಗೆ ಒಯ್ದೆ. ಪರೀಕ್ಷಕ ಮೌಲಾಸಾಬರು ನೋಡಿ ಮುಗಿಸಿ ನನ್ನತ್ತ ತಿರುಗಿದರು.

“ತಂಗಿ, ಈಕಿ ನಾಟಕದಾಕಿ. ಬ್ಯಾರೆ ಸಿನಿಮಾದಾಗೂ ಅದಾಳ. ಒಬ್ಬರ ಮಾತು ಇನ್ನೊಬ್ಬರ ಬಾಯಾಗ ಹೇಳಸೋದು ಆ ನಿರ್ದೇಶಕಿ ಪದ್ಧತಿ.”

ನಾನು ಅವ್ವನತ್ತ ತಿರುಗಿದೆ. “ನಿಮ್ಮಜ್ಜೀನ ನೀ ಕಣ್ಣಾರೆ ಕಂಡೀಯಲ್ಲ?”

“ನಾ ಸಣ್ಣಾಕಿದ್ದೆ. ಸಿನಿಮಾ ನೋಡಿ ನೋಡಿ ಇದ ಮಾರಿ ನೆನಪಿನ್ಯಾಗ ಕುಂತೈತಿ,” ಎಂದಳು ಅವ್ವ. ಅವಳೊಳಗಿನ ಅಜ್ಜಿಯನ್ನು ಕದ್ದವರು ನೀವೇ ಎಂದು ನನಗೆ ಅನ್ನಿಸಿದ್ದು ಆಗ.

ಮನೆಗೆ ಬಂದು ಕಳ್ಳನ ಜಾಡು ಹಿಡಿದವಳಂತೆ ಚಿತ್ರವನ್ನು ನೋಡುತ್ತ ಕೂತೆ. ಬಸ್ಸಿನ ಗಾಜಿನಲ್ಲಿ ಯಾರದಾದರೂ ನೆರಳು ಆಡಿದರೆ ನಿಲ್ಲಿಸಿದೆ. ಏನೂ ಸಿಗಲಿಲ್ಲ. ಕಡೆಗೆ ದನಿ ಪೂರ್ತಿ ಏರಿಸಿದೆ. ಕುಡುಕನೊಬ್ಬ ಕೈಮಾಡಿದ ಸಂಗತಿ ಹೇಳುತ್ತ ನಟಿ “ಅವತ್ತ ಅತ್ತುಬಿಟ್ಟೆ” ಅನ್ನುತ್ತಾಳೆ. ಆ ಮಾತಿನ ಬೆನ್ನಿಗೇ, ಕ್ಯಾಮೆರಾದ ಹಿಂದಿನಿಂದ, ನಾವು ಯಾವತ್ತೂ ಗಮನಿಸದ ಸಣ್ಣ ದನಿ:

“ನಾ ಎಲ್ಲಿ ಅತ್ತೇನವಾ? ಬಸ್ ನಿಲ್ಸಿ ಅವನ್ನ ಇಳಿಸೀನಿ. ಸರಿಯಾಗಿ ಹೇಳು.”

ಅವ್ವ ಅಡುಗೆಮನೆಯಿಂದ ಓಡಿ ಬಂದಳು. “ಇಕೀನ ನಮ್ಮಜ್ಜಿ. ಕತಿ ತಪ್ಪಿ ಹೇಳಿದ್ರ ನಮಗೂ ಹಿಂಗ ಬೈತಿದ್ಲು.”

ಮುಖತಾಳೆ ದನಿಯನ್ನು ಒಪ್ಪುವುದಿಲ್ಲ. ಗೋಡೆಯ ಮೇಲೆ ನೀಲವ್ವನ ಹೆಸರಷ್ಟೇ ಉಳಿಯಿತು. ಅವ್ವ ಹಿಡಿದ ಗುರುತನ್ನೂ ನಾನು ಪೂರ್ತಿ ನಂಬಿಲ್ಲ. ಒಮ್ಮೆ ಮೋಸಹೋದ ನೆನಪು ಮತ್ತೊಮ್ಮೆ ಹೋಗಲಾರದೇ?

ನೀವು ಎಡಿಟಿಂಗ್ ಮುಗಿಸುವ ಮೊದಲು ಈ ಪತ್ರ ತಲುಪಲಿ. ನಿಮ್ಮ ಕಾಲದಲ್ಲಿ ನೀಲವ್ವ ಇನ್ನೂ ನಿಮ್ಮ ಪಕ್ಕದಲ್ಲೇ ನಿಂತಿದ್ದಾಳೆ. ಮುಖ ತೋರಿಸಲು ಮನಸ್ಸಿದೆಯೇ ಎಂದು ಅವಳನ್ನು ಕೇಳಿ. ಒಲ್ಲೆ ಅಂದರೆ ಒತ್ತಾಯಿಸಬೇಡಿ. ಒಲ್ಲೆ ಅಂದದ್ದು ಅವಳೇ ಎಂಬ ಒಂದು ಮಾತು ಚಿತ್ರದಲ್ಲಿರಲಿ. ಆಗ ನಾವು ಅವಳ ಮುಖ ಹುಡುಕುವುದನ್ನು ಬಿಡುತ್ತೇವೆ.

ಅಂಬುಜಾ