ಸತ್ತವರ ಸಾಲಿನಲ್ಲಿ ನನ್ನ ಹೆಸರು

ಟಿಬಿಲಿಸಿ
ಅಕ್ಟೋಬರ್ ೧೯, ೨೦೦೮

ಪ್ರೀತಿಯ ಒತಿಯಾ,

ಎಷ್ಟೋ ವರ್ಷದ ಮೇಲೆ ನನ್ನ ಅಕ್ಷರ ಕಂಡು ಹೆದರಬೇಡ, ವಿಚ್ಛೇದನ ಕೇಳುತ್ತಿಲ್ಲ. ಈ ವಯಸ್ಸಿನಲ್ಲಿ ಅದನ್ನು ತೆಗೆದುಕೊಂಡು ಉಪ್ಪಿನಕಾಯಿ ಹಾಕಲೇ? ಒಂದು ತಮಾಷೆ ನಡೆಯಿತು. ಹೇಳಿಕೊಳ್ಳಲು ಮನೆಯಲ್ಲಿ ಯಾರೂ ಇಲ್ಲ. ಅದಕ್ಕೆ ಬಟೂಮಿಯಲ್ಲಿರುವ ಗಂಡನಿಗೆ ಬರೆಯುತ್ತಿದ್ದೇನೆ.

ಶನಿವಾರ ಸಿನಿಮಾ ಸ್ಟುಡಿಯೋದ ಔತಣವಿತ್ತು. ನನ್ನನ್ನು ಕರೆದವಳು ಮೇಕಪ್ಪಿನ ತ್ಸಿಯಾಲಾ, ಸ್ಟುಡಿಯೋದವರಲ್ಲ. ಬಾಗಿಲ ಪಕ್ಕದ ಕುರ್ಚಿ ಸಿಕ್ಕಿತು. ಮೇಜಿನ ಯಜಮಾನಿಕೆ ನಿನ್ನ ಗೆಳೆಯ ಜುಂಬೆರನದು. ಅವನು ಹೇಳಿದವರ ಹೆಸರಿಗೇ ಎಲ್ಲರೂ ಕುಡಿಯಬೇಕು. ನಾಡಿಗೆ, ತಾಯಂದಿರಿಗೆ ಕುಡಿದಾದ ಮೇಲೆ ತೀರಿಹೋದವರ ಸರದಿ ಬಂತು. ಒಬ್ಬೊಬ್ಬರನ್ನೇ ನೆನೆಯುತ್ತ ಬಂದವನು ಕೊನೆಗೆ, "ನಮ್ಮ ಗುರಾಂದಾ... ಹದಿನೇಳಕ್ಕೇ ಪಿಕ್ಚರಲ್ಲಿ ಬರಿಗಾಲಲ್ಲಿ ದ್ರಾಕ್ಷಿ ತುಳಿದು ದೇಶಕ್ಕೇ ಹುಚ್ಚು ಹಿಡಿಸಿದ್ಲು. ಅಂಥ ನಗು ಇನ್ನು ಹುಟ್ಟಲ್ಲ ಕಣ್ರಯ್ಯಾ" ಎಂದ.

ಎಲ್ಲರೂ ಎದ್ದರು. ನಾನೂ ಎದ್ದು, ನನ್ನದೇ ಹೆಸರಿಗೆ ಪದ್ಧತಿಯಂತೆ ರೊಟ್ಟಿಯ ಮೇಲೆ ನಾಲ್ಕು ಹನಿ ವೈನ್ ಸುರಿದೆ. ತ್ಸಿಯಾಲಾ ತೋಳು ಜಗ್ಗಿ, "ಅಕ್ಕಾ, ನೀವ್ಯಾಕೆ ಏಳ್ತೀರಿ, ಕೂತ್ಕೊಳ್ಳಿ" ಎಂದಳು. "ಸುಮ್ನಿರೇ, ಸತ್ತೋರಿಗೆ ಮರ್ಯಾದೆ ಕೊಡ್ಬೇಡ್ವಾ" ಎಂದೆ.

ಆಗ ಜುಂಬೆರ್ ನನ್ನನ್ನು ನೋಡಿದ. ಅವನ ಮುಖ ಸುಣ್ಣದಂತಾಯಿತು. ಕುಡಿದ ಮೇಲೆ ಮಾತು ಹಿಂದಕ್ಕೆ ಬರುವುದಿಲ್ಲವಲ್ಲ. ಕುಡಿಯುವ ದೊಡ್ಡ ಕೊಂಬಿನ ಬಟ್ಟಲಿಗೆ ವೈನ್ ತುಂಬಿಸಿ ಅವನಿಗೆ ದಂಡ ಹಾಕಿದರು. ಒಂದೇ ಗುಟುಕಿಗೆ ಮುಗಿಸಿ, "ಸತ್ತ ಸುದ್ದಿ ಹಬ್ಬಿದೋರಿಗೆ ಆಯಸ್ಸು ಜಾಸ್ತಿ ಕಣಮ್ಮಾ, ಇನ್ನು ನಮ್ಮನ್ನೆಲ್ಲಾ ನೀನೇ ಮಣ್ಣು ಮಾಡ್ತೀಯ" ಎಂದ. ಎಲ್ಲರೂ ನಕ್ಕರು. ನಾನೂ ನಕ್ಕೆ. ಕಲಿತ ವಿದ್ಯೆ ಕೈಬಿಡುತ್ತದೆಯೇ.

ಅವನನ್ನು ಬೈದು ಏನು ಫಲ? ನನಗೆ ಸಿಕ್ಕ ಪಾತ್ರಗಳೇ ಹಾಗೆ: ಮೊದಲು ಹುಡುಗಿ, ಆಮೇಲೆ ಮದುಮಗಳು, ತಾಯಿ, ಅತ್ತೆ, ಹಲ್ಲಿಲ್ಲದ ಅಜ್ಜಿ. ಕಳೆದ ಚಿತ್ರದಲ್ಲಂತೂ ನಾನು ಗೋಡೆಗೆ ತೂಗುಹಾಕಿದ ಫೋಟೋ ಮಾತ್ರ. ಅದನ್ನೂ ಹಿಂದೆ ಕ್ಯಾಮರಾಮನ್ ಆಗಿದ್ದಾಗ ನೀನೇ ತೆಗೆದದ್ದು. ಚಿತ್ರೀಕರಣಕ್ಕೆ ನಾನು ಹೋಗಬೇಕಾಗಿಯೇ ಬರಲಿಲ್ಲ. ಬೀದಿಯಲ್ಲಿ ಜನ ನನ್ನನ್ನು ದಿಟ್ಟಿಸಿ, ಯಾರನ್ನೋ ನೆನಪಿಸಿಕೊಂಡವರಂತೆ ಮುಂದೆ ಹೋಗುತ್ತಾರೆ. ಒಂಟಿತನ ಅಭ್ಯಾಸವಾಗುತ್ತದೆ ಎಂದು ಹೇಳುವವರು ಒಂಟಿಯಾಗಿ ಬದುಕಿದವರಲ್ಲ, ಒತಿಯಾ.

ಔತಣದಲ್ಲಿದ್ದ ಎಳೆಯ ನಿರ್ದೇಶಕಿಯೊಬ್ಬಳು ಮರುದಿನ ಮನೆಗೇ ಬಂದಳು. "ಸತ್ತು ಎದ್ದು ನಿಂತಿದ್ರಲ್ಲಾ ಅಜ್ಜಿ, ಹಾಗೇ ನನ್ನ ಪಿಕ್ಚರಲ್ಲೂ ನಿಂತ್ಕೊಳ್ಳಿ" ಎಂದಳು. ಮಾತಿರುವ ಪಾತ್ರ. ಮುಂದಿನ ತಿಂಗಳು ತೆಲಾವಿಯಲ್ಲಿ ಶೂಟಿಂಗ್. ನೀನು ಬಂದು ನೋಡಬೇಕು. ಕ್ಯಾಮರಾ ಮುಟ್ಟಬೇಡ, ನನ್ನ ಜೊತೆ ಮಾತೂ ಬೇಡ. ಬಂದು ಒಂದು ಮೂಲೆಯಲ್ಲಿ ನಿಂತರೆ ಸಾಕು.

ಇನ್ನೂ ನಿನ್ನ ಹೆಂಡತಿಯಾಗಿರುವ
ಗುರಾಂದಾ

ಮರೆತಿದ್ದೆ: ಜುಂಬೆರನಿಗೆ ಮರೆವು ಎಂದು ಎಲ್ಲರ ಮುಂದೆ ನಾನೇ ಸಮಜಾಯಿಷಿ ಹೇಳಿದೆ. ಆದರೆ ಹೊರಡುವಾಗ ಅವನು ಕೋಟು ತೊಡಿಸುತ್ತ ಅತ್ತುಬಿಟ್ಟ. ಈಚೆಗೆ ಬಟೂಮಿಯಲ್ಲಿ ನಿನ್ನ ಮನೆಯ ಔತಣಕ್ಕೆ ಕೂತಿದ್ದನಂತೆ. ತೀರಿಹೋದವರಿಗೆ ಕುಡಿಯುವಾಗ, ನಿನ್ನ ಅಮ್ಮನ ಹೆಸರಾದ ಮೇಲೆ ನೀನು ನನ್ನ ಹೆಸರು ಹೇಳಿದೆಯಂತೆ. ಅವನು ಅದನ್ನೇ ನಂಬಿದ. ನಾನು ಯಾರಿಗೂ ಹೇಳಿಲ್ಲ. ಬರದಿದ್ದರೂ ಪರವಾಗಿಲ್ಲ, ಇಷ್ಟು ಮಾತ್ರ ಬರೆ: ನನ್ನ ಹೆಸರಿಗೆ ರೊಟ್ಟಿಯ ಮೇಲೆ ವೈನ್ ಸುರಿಯುವಾಗ ನಿನ್ನ ಕೈ ನಡುಗಿತೇ?