ಲೆಕ್ಕದ ಪುಸ್ತಕದ ಎರಡನೇ ಭಾಗ

ಕುಷ್ಟಗಿ
ತಾ. ೧೧-೪-೧೯೪೮, ಯುಗಾದಿ ಮರುದಿನ

ಚಿರಂಜೀವಿ ತಮ್ಮ ಉಮಾಪತಿಗೆ ಅಕ್ಕ ಶೇಖರಮ್ಮ ಮಾಡುವ ಆಶೀರ್ವಾದ.

ಇವತ್ತು ಬೆಳಗಿನ ಜಾವ ಕೆಟ್ಟ ಕನಸು ಬಿತ್ತು. ನಿನ್ನ ಮಾವ, ನಮ್ಮ ಯಜಮಾನರು, ಮನಿಗೆ ಬಂದು ಉಣ್ಣಾಕ ಕುಂತಿದ್ದರು. ರೊಟ್ಟಿ ಹಾಕಿದೆ. ಮುರಿಯಲಿಲ್ಲ. ಕೈಯಲ್ಲಿ ಹಿಡಿದು ಈ ಮಗ್ಗಲು ಆ ಮಗ್ಗಲು ತಿರುವಿ ನೋಡಿ, ಇದರಾಗ ಏನ ಬರದೈತಿ ಓದು ಅಂದರು. ನಾನು ಓದಲಾರದೆ ನಿಂತೆ. ನೀ ಓದದ ನಾ ಉಣ್ಣಾಂಗಿಲ್ಲ ಅಂದರು. ಆ ಹೊತ್ತಿನ ಕನಸು ಖರೇ ಆಗತಾವ ಅಂತಾರ. ಅದಕ್ಕೇ ಹೊತ್ತು ಹೊಂಟ ಮೇಲೆ ಇನ್ನೊಮ್ಮೆ ಮಲಗಿದೆ, ಬೇರೆ ಕನಸು ಬಿದ್ದೀತು ಅಂತ. ನಿದ್ದಿನೇ ಬರಲಿಲ್ಲ.

ಇಲ್ಲಿ ಎಲ್ಲರೂ ಆರಾಮ ಅಂತ ಈ ಸಲ ಬರೆಯಲಾರೆ ತಮ್ಮಾ. ನಿನ್ನ ಮಾವನನ್ನು ಠಾಣೆಯಲ್ಲಿ ಕೂಡಿಹಾಕಿ ಇವತ್ತಿಗೆ ಒಂಬತ್ತು ದಿವಸ. ನಿನ್ನ ಪುಸ್ತಕದ ಸಲುವಾಗಿ. ಹೀಗೆ ಬರೆದರೆ ನಿನಗೆ ನೋವಾದೀತು, ಮೂರು ಸಲ ಬರೆದು ಹೊಡೆದು ಹಾಕಿದೆ, ಆದರೆ ಬೇರೆ ಹೆಂಗ ಬರೆಯಬೇಕೋ ನನಗೆ ತಿಳಿಯದು.

ಕಾಲೇಜು ಬಿಟ್ಟು ಹೈದರಾಬಾದಿನಿಂದ ಬಂದು ನಮ್ಮ ಮನಿಯಲ್ಲಿ ಅಡಗಿದ್ದವ, ದಸರೆ ಹೊತ್ತಿಗೆ ಸಂಸ್ಥಾನದ ಗಡಿ ದಾಟಿ ಗಜೇಂದ್ರಗಡ ಸೇರಿದಿ. ಹೋಗೋ ಅವಸರದಾಗ ಲೆಕ್ಕದ ಪುಸ್ತಕದ ಮೊದಲನೇ ಭಾಗ ಒಂದೇ ಒಯ್ದಿದ್ದಿ. ಆಮೇಲೆ ಕಾಗದ ಬರೆದಿ. ಧಾರವಾಡದಲ್ಲಿ ಪರೀಕ್ಷೆಗೆ ಕೂಡಿಸಿಕೊಳ್ತೀವಿ ಅಂದಾರ, ಎರಡನೇ ಭಾಗ ಬೇಕು, ಕೂಡಿಸೋ ಲೆಕ್ಕ ಪೂರಾ ಅದರಾಗೇ ಐತಿ. ಇಲ್ಲಿ ಸಿಗೋವೆಲ್ಲಾ ಇಂಗ್ಲೀಷ್ ಪುಸ್ತಕ, ನಾ ಕಲಿತದ್ದು ಉರ್ದುವಿನಾಗ, ಉರ್ದು ಕಂಡರ ಮಾತ್ರ ನನ್ನ ತಲಿ ನಡೀತೈತಿ ಅಂತ. ನಿನ್ನ ಮಾವ ತಾವೇ ಒಯ್ದು ಕೊಡತೀನಿ ಅಂದರು. ಈಗ ಬ್ಯಾಡ, ದಿನಮಾನ ಚಲೋ ಇಲ್ಲ ಅಂದೆ. ನಕ್ಕುಬಿಟ್ಟರು. ಉರ್ದು ಪುಸ್ತಕ, ಅವರದೇ ಭಾಷೆ, ಗಡಿ ಕಾಯೋ ನಾಕಾದವರು ಎದ್ದು ಸಲಾಮು ಹೊಡೀತಾರ ನೋಡು, ಅಂಜುಬುರಕಿ ಅಂದರು. ನೀನು ಒಮ್ಮೆ ಊಟಕ್ಕೆ ಕುಂತಾಗ ಅವರಿಗೆ ಹೇಳಿದ್ದಿಯಲ್ಲ, ಹಳ್ಳದ ಕಡೆ ಬಾಗಿದ ಹೊಲ ಅಳೀಬೇಕಾದರೆ ಸಣ್ಣ ಸಣ್ಣ ಪಟ್ಟಿ ಸೀಳಿ ಕೂಡಿಸಬೇಕು ಅಂತ. ಅವತ್ತಿನಿಂದ ಸೀರಿ ಮಾರೋ ಆ ಮನುಷ್ಯಗ ಆ ಲೆಕ್ಕದ ಮ್ಯಾಲೆ ಭಾಳ ಜೀವ. ಇದು ನೇಕಾರರಿಗೆ ಮೊದಲೇ ಗೊತ್ತಿರೋ ಲೆಕ್ಕ, ಎಳಿಗೆ ಎಳಿ ಕೂಡಿಯೇ ಸೀರಿ ಆಗೋದು ಅಂತ ಬಂದ ಗಿರಾಕಿಗೆಲ್ಲಾ ಹೇಳೋರು.

ವಾಡಿಕಿಯಂತೆ ಸೀರಿ ತರಾಕ ಗಜೇಂದ್ರಗಡಕ್ಕ ಚಕ್ಕಡಿ ಹೂಡಿಸಿಕೊಂಡು ಹೋದರು. ಸಂಜಿಗೆ ಚಕ್ಕಡಿ ಹೊಡಿಯೋ ಯಂಕೋಬ ಒಬ್ಬನೇ ತಿರುಗಿ ಬಂದ. ಎತ್ತಿನ ಕೊರಳಿಂದ ನೊಗ ಇಳಿಸೋದಕ್ಕಿಂತ ಮೊದಲೇ ಅತ್ತ. ಗಡಿ ನಾಕಾದಾಗ ಪೊಲೀಸ ಜವಾನ ಪುಸ್ತಕ ತಿರುವಿ ನೋಡಿದನಂತ. ಬಾಗಿದ ಗೆರಿ, ಅದರ ಕೆಳಗ ಪಟ್ಟಿ ಪಟ್ಟಿ ಇರೋ ಚಿತ್ರ ಬಂದ ಕೂಡಲೆ, ಈ ಹೊಳಿ ಯಾವುದು, ಇವು ಯಾವ ಊರ ದಾರಿ ಅಂದನಂತ. ಹೊಳಿ ಅಲ್ರಿ, ಲೆಕ್ಕರಿ ಅಂದರೆ, ಲೆಕ್ಕದಾಗ ಅಂಕಿ ಎಲ್ಲಿ ಅದಾವ, ಬರೇ ಉದ್ದುದ್ದ ಕೊಂಡಿ ಅದಾವಲ್ಲ ಅಂದನಂತ. ಆ ಚಿತ್ರದ ಬುಡಕ್ಕೆ ನೀನು ಸೀಸಕಡ್ಡಿಲೆ ಕನ್ನಡದಾಗ "ಇಲ್ಲಿಂದ ಇಲ್ಲಿಯತನಕ" ಅಂತ ಬರೆದಿದ್ದಿ. ಅದನ್ನ ಒಬ್ಬ ಗುಮಾಸ್ತನ ಕಡೆ ಓದಿಸಿದರು. ಎಲ್ಲಿಂದ, ಎಲ್ಲಿಯತನಕ, ಯಾರು ದಾಟತಾರ, ಯಾವತ್ತು ಅಂತ ಕೇಳಿ ಕೇಳಿ ಹೊಡೆದರಂತ. ನಿನ್ನ ಮಾವ ಹೊಲದ ಮಾತು ಹೇಳಿದರಂತ. ಯಾರ ಹೊಲ ಅಂತ ಅದಕ್ಕೂ ಹೊಡೆದರಂತ.

ಮೂರನೇ ದಿನ ಮಗ್ಗಲ ಮನಿ ಜೈನಾಬೀನ್ನ ಕರಕೊಂಡು ಠಾಣೆಗೆ ಹೋದೆ. ಆಕಿಗೆ ಉರ್ದು ಬರತೈತಿ. ಠಾಣೆಯ ಹಿರೇ ಸಾಹೇಬರು, ಅಮೀನರು, ಪುಸ್ತಕ ಕೊಟ್ಟು ಓದಿಸಿದರು. ಸಾಹೇಬ್ರ, ಇದು ಹಿಸಾಬಿನ ಕಿತಾಬ್ ಐತಿ, ಅಲ್ಲಾನ ಆಣಿ ಅಂದಳು. ಹಿಸಾಬು ನಾನೂ ಕಲಿತೀನಿ ಖಾಲಾ, ಇಂಥಾದ್ದು ಕಂಡಿಲ್ಲ ಅಂದರು. ಆದರೂ ಅಷ್ಟು ಕೆಟ್ಟವರಲ್ಲ ಅಂತ ಕಾಣತೈತಿ. ರಾಯಚೂರಿಗೆ ಕಳಿಸ್ತೀನಿ, ಅಲ್ಲಿ ಬಲ್ಲವರು ಲೆಕ್ಕ ಅಂದರ ನಿನ್ನ ಗಂಡ ಅಮರಪ್ಪನ್ನ ಬಿಡತೀನಿ ಅಂದರು. ಆ ಒಂದು ಮಾತು ಹಿಡಕೊಂಡು ಕುಂತೀನಿ.

ಆಮೇಲೆ, ಕನ್ನಡ ಬರೆದವರು ಯಾರು, ಎಲ್ಲಿ ಅದಾರ ಅಂತ ನನ್ನ ಕೇಳಿದರು. ನಾನು ನಿನ್ನ ಹೆಸರು ಹೇಳಿದೆ. ಊರೂ ಹೇಳಿದೆ. ಹೆದರಿಕಿಗೆ ಬಾಯಿಂದ ಬಂತು ಅಂತ ತಿಳಿ. ನೀನು ಇನ್ನು ಈ ಕಡೆ ಕಾಲಿಡಬೇಡ, ನಾವು ಸತ್ತರೂ ಬರಬೇಡ. ಅಲ್ಲೂ ಇರೋ ಮನಿ ಬದಲು ಮಾಡು. ರಾತ್ರಿ ಗಡಿ ದಾಟಿ ಬಂದು ಎತ್ತಿಕೊಂಡು ಹೋಗತಾರ ಅಂತ ಜನ ಅಂತಾರ.

ಠಾಣೆ ಕಟ್ಟೆ ಕೆಳಗೆ ನಿನ್ನ ಮಾವನ ಒಂದು ಚಪ್ಪಲಿ ಬಿದ್ದಿತ್ತು. ಇನ್ನೊಂದು ಹುಡುಕಿದೆ, ಸಿಗಲಿಲ್ಲ. ಒಳಗ ಯಾರೋ ಕೆಮ್ಮಿದರು. ಕೇಳವಾ, ನಿನ್ನ ಗಂಡ, ಆರಾಮ ಅದಾನ ಅಂತ ಜೈನಾಬೀ ನನ್ನ ಸಮಾಧಾನಕ್ಕ ಅಂದಳು. ಹೂಂ ಅಂದೆ. ಹದಿನಾಲ್ಕು ವರ್ಷ ಅವರ ಕೆಮ್ಮು ಕೇಳೀನಿ. ಅದು ಬೇರೆ ಯಾರದೋ.

ನೀನೀಗ ಮಾಡಬೇಕಾದ್ದು ಇಷ್ಟು. ಪುಸ್ತಕ ಎಂಥಾದ್ದು, ಆ ಕೊಂಡಿ ಅಂದರೇನು, ಇಲ್ಲಿಂದ ಇಲ್ಲಿಯತನಕ ಅಂದರೇನು, ಎಲ್ಲಾ ಉರ್ದುವಿನಲ್ಲಿ ಬಿಡಿಸಿ ಬರೆದು ಕೊಡು. ನಿನ್ನ ಹೆಸರು ಹಾಕಬೇಡ. ಕೂಸಿಗೂ ತಿಳಿಯೋ ಹಂಗ ಬರಿ. ನಾನು ಸಾಲಿಯಾಗ ಮೂರನೇ ಇಯತ್ತಾ ಮುಗಿಸಲಿಲ್ಲ. ಅವ್ವ ಸತ್ತಾಗ ನಿನ್ನ ಎತ್ತಿಕೊಳ್ಳೋರು ಇಲ್ಲಂತ ಸಾಲಿ ಬಿಡಿಸಿದರು. ಅದಕ್ಕ ನಾನೆಂದೂ ಬೇಜಾರ ಮಾಡಿಕೊಂಡಿಲ್ಲ. ಆದರ ಅವತ್ತು ಆ ಪುಸ್ತಕದ ಮುಂದೆ ನಿಂತಾಗ ಮಾಡಿಕೊಂಡೆ.

ಈ ಕಾಗದ ಟಪಾಲಿಗೆ ಹಾಕಿಲ್ಲ. ಜೈನಾಬೀ ಮಗಳ ಬಾಣಂತನಕ್ಕ ನಾಳೆ ಗಜೇಂದ್ರಗಡಕ್ಕ ಬರತಾಳ. ಕೂಸಿನ ಕೌದಿಯೊಳಗ ಇಟ್ಟು ಹೊಲಿದುಕೊಟ್ಟೀನಿ. ಓದಿ ಸುಡು. ಪರೀಕ್ಷೆ ಮಾತ್ರ ಬಿಡಬೇಡ. ಇಂಗ್ಲೀಷಿನದಾದರೂ ಓದು.

ನಿನ್ನ ಅಕ್ಕ
ಶೇಖರಮ್ಮ

ತಾ. ಕ.: ಇದು ಮರೆತು ಉಳಿದ ಮಾತಲ್ಲ. ಮ್ಯಾಲೆ ಬರೆಯಾಕ ಧೈರ್ಯ ಸಾಲಲಿಲ್ಲ. ಹೋದ ಆಗಸ್ಟ್ ಹದಿನೈದಕ್ಕ ನಿನ್ನ ಮಾವ ಗಜೇಂದ್ರಗಡದಾಗ ಇದ್ದರು. ಅಲ್ಲಿ ಬಾವುಟ ಏರಿಸಿದ ಫೋಟೋ ಹುಬ್ಬಳ್ಳಿ ಪತ್ರಿಕೆಯಾಗ ಬಂತು, ಮಂದಿಯ ನಡುವೆ ಅವರ ಮಾರಿ ಸ್ವಚ್ಛ ಕಾಣತಿತ್ತು. ಕದ್ದು ತಂದು ತೋರಿಸಿ, ಸುಡು, ಸಿಕ್ಕರ ಜೀವ ಉಳಿಯಂಗಿಲ್ಲ ಅಂದರು. ಸುಟ್ಟೆ ಅಂತ ಸುಳ್ಳು ಹೇಳಿದೆ. ಗಂಡನ ಮಾರಿ ಒಲಿಗೆ ಹೆಂಗ ಹಾಕಲಿ. ಹಾಳಿ ನಡುವೆ ಕತ್ತರಿಸಿ, ಫೋಟೋ ಅಚ್ಚಾದ ಮಗ್ಗಲು ಒಳಗ ಮಾಡಿ, ಗಂಜಿ ಹಚ್ಚಿ ನಿನ್ನ ಎರಡೂ ಭಾಗಕ್ಕ ಹೊದಿಸಿದೆ. ಮ್ಯಾಲೆ ಅಂಗಡಿ ಕಾಗದ ಹಚ್ಚಿದೆ. ಇಂಥಾ ಪುಸ್ತಕ ಯಾರು ಮುಟ್ಟತಾರ ಅಂದುಕೊಂಡೆ. ಠಾಣೆಯಾಗ ಅಮೀನರು ಮಾತಾಡಿಕೋತ ಆ ಹೊದಿಕಿ ತುದಿ ಉಗುರಿನಿಂದ ಎಬ್ಬಿಸಾಕ ಹತ್ತಿದ್ದರು, ಒಂದು ಬೆರಳಷ್ಟು ಎದ್ದಿತ್ತು. ಆಗ ನಿನ್ನ ಹೆಸರು ಹೇಳಿದೆ. ಬರಕೊಳ್ಳಾಕ ಅವರು ಪುಸ್ತಕ ಕೆಳಗಿಟ್ಟು ಲೆಕ್ಕಣಿಕೆ ತಗೊಂಡರು. ಹೆದರಿಕಿಗೆ ಬಾಯಿಂದ ಬಂದದ್ದಲ್ಲ ತಮ್ಮಾ, ತಿಳಿದೇ ಹೇಳಿದೆ.

ಪುಸ್ತಕ ನಾಡಿದ್ದು ರಾಯಚೂರಿಗೆ ಹೋಗತೈತಿ. ಫೋಟೋ ಇರೋ ಅರ್ಧ ಯಾವ ಭಾಗಕ್ಕ ಹಚ್ಚಿದೆನೋ ನನಗ ಗೊತ್ತಿಲ್ಲ. ಎರಡೂ ಒಂದೇ ದಪ್ಪ, ಆ ಅಕ್ಷರ ನನಗ ಬಾರದು. ನಿನ್ನ ಹತ್ತಿರ ಇರೋ ಮೊದಲನೇ ಭಾಗದ ಹೊದಿಕಿಗೆ ನೀರು ಹಚ್ಚಿ ಸಾವಕಾಶ ಬಿಡಿಸು, ಹರಿಬೇಡ. ಕಂಬದ ಎಡಕ್ಕ, ಹಿಂದಿನ ಸಾಲಿನಾಗ, ಎತ್ತರದ ಮನುಷ್ಯ, ಬಾಯಿ ತೆರೆದು ಏನೋ ಕೂಗತಿದ್ದಾರ. ಒಂದೇ ಸಲ ನೋಡಿ ಇಲ್ಲ ಅಂತ ಬರೀಬೇಡ. ಹಾಳಿ ಒಣಗಿದ ಮ್ಯಾಲೆ ಬಿಸಿಲಿಗೆ ಹಿಡಿದು ಇನ್ನೊಮ್ಮೆ ನೋಡು.